ಬೆಳಕು ಕಂಡರೆ ಕಿಟಕಿಗೆ ಓಡಬೇಡಿ

2025ರ ಫೆಬ್ರವರಿ ಮೂರನೇ ವಾರ ನನ್ನ ಫೋನಿಗೆ ಬಿಡುವಿರಲಿಲ್ಲ. ‘2024 ವೈಆರ್4’ ಎಂಬ ಕ್ಷುದ್ರಗ್ರಹ 2032ರ ಡಿಸೆಂಬರ್ 22ರಂದು ಭೂಮಿಗೆ ಅಪ್ಪಳಿಸುವ ಸಾಧ್ಯತೆ ಶೇ 3.1ಕ್ಕೆ ಏರಿದೆ ಎಂಬ ಸುದ್ದಿ ಎಲ್ಲ ಕಡೆ ಓಡಾಡುತ್ತಿತ್ತು. ಬೀಳಬಹುದಾದ ಜಾಗಗಳ ಪಟ್ಟಿಯಲ್ಲಿ ದಕ್ಷಿಣ ಏಷ್ಯಾವೂ ಇತ್ತು. ಮೈಸೂರಿನ ಹೊರವಲಯದಲ್ಲಿ ಸೈಟಿಗೆ ಮುಂಗಡ ಕೊಟ್ಟಿದ್ದ ಪರಿಚಯದವರೊಬ್ಬರು, ‘ಏನ್ ಸಾರ್, ರಿಜಿಸ್ಟ್ರೇಷನ್ ಮಾಡಿಸ್ಲಾ, ಬೇಡ್ವಾ?’ ಅಂದರು. ಅರ್ಧ ತಮಾಷೆ, ಅರ್ಧ ನಿಜ. ಧಾರಾಳವಾಗಿ ಮಾಡಿಸಿ ಅಂದೆ.

ವಾರ ತುಂಬುವಷ್ಟರಲ್ಲಿ ಆ ಅಂಕಿ ನೆಲ ಕಚ್ಚಿತು. ಫೆಬ್ರವರಿ 18ಕ್ಕೆ ಶೇ 3.1 ಇದ್ದದ್ದು 24ರ ಹೊತ್ತಿಗೆ ಶೇ 0.004. ಆಗ ಮತ್ತೊಂದು ಸುತ್ತು ಫೋನು: ‘ಮೊದ್ಲು ಹೆದರಿಸ್ತಾರೆ, ಆಮೇಲೆ ಏನೂ ಇಲ್ಲ ಅಂತಾರೆ. ಇವರಿಗೇ ಗೊತ್ತಿಲ್ಲ ಬಿಡಿ.’ ನಾನು ಭೂವಿಜ್ಞಾನ ಪಾಠ ಹೇಳುವವನು, ಕಲ್ಲು ನನ್ನ ಕಸುಬು. ಆಕಾಶದ ಲೆಕ್ಕ ಹಾಕುವವರು ಬೇರೆ. ಆದರೂ ಅವರ ಪರವಾಗಿ ಇಷ್ಟು ಹೇಳಬೇಕು: ಆ ಅಂಕಿ ಏರಿದ್ದೂ ಸರಿ, ಇಳಿದದ್ದೂ ಸರಿ.

ಗಂಗೋತ್ರಿ ಗ್ಲೇಡ್ಸ್ ಮೈದಾನದ ಅಂಚಿನಲ್ಲಿ ಮರದ ಕೆಳಗೆ ಕೂತು ಪಂದ್ಯ ನೋಡುತ್ತಿದ್ದೀರಿ ಅನ್ನಿ. ಬ್ಯಾಟಿಗೆ ತಗುಲಿದ ಚೆಂಡು ಮೇಲೆದ್ದ ಕ್ಷಣದಲ್ಲಿ ಅದು ಮೈದಾನದ ಆ ಕಡೆಯ ಯಾವ ಮೂಲೆಗೆ ಬೇಕಾದರೂ ಬೀಳಬಹುದು. ನಿಮ್ಮ ತಲೆ ಆ ಸಾಧ್ಯತೆಗಳಲ್ಲಿ ಒಂದು ಚೂರು, ಅಷ್ಟೆ. ಚೆಂಡು ಹತ್ತಿರವಾದಂತೆ ಬೀಳಬಹುದಾದ ಜಾಗ ಕಿರಿದಾಗುತ್ತದೆ, ನೀವು ಇನ್ನೂ ಅದರೊಳಗೇ ಇರುತ್ತೀರಿ. ಹಾಗಾಗಿ ಅಪಾಯ ಏರುತ್ತಲೇ ಹೋಗುತ್ತದೆ. ಕೊನೆಗೊಂದು ಗಳಿಗೆಯಲ್ಲಿ ಚೆಂಡು ಪಕ್ಕದ ಸಾಲಿಗೆ ಅಂತ ಖಚಿತವಾದೊಡನೆ ಅದು ಸೊನ್ನೆ. ವೈಆರ್4 ಪತ್ತೆಯಾದದ್ದು 2024ರ ಡಿಸೆಂಬರ್ 27ರಂದು, ಚಿಲಿಯಲ್ಲಿರುವ ಅಟ್ಲಾಸ್ ದೂರದರ್ಶಕಕ್ಕೆ. ಕೆಲವೇ ರಾತ್ರಿಗಳ ನೋಟದಿಂದ ಎಂಟು ವರ್ಷ ಆಚೆಯ ಜಾಗ ಹೇಳಹೊರಟರೆ, ಅದು ಇರಬಹುದಾದ ಪಟ್ಟಿ ಲಕ್ಷಾಂತರ ಕಿಲೋಮೀಟರ್ ಉದ್ದವಾಗುತ್ತದೆ. ಭೂಮಿಯ ಅಡ್ಡಳತೆ 12,756 ಕಿ.ಮೀ. ಪಟ್ಟಿ ಕುಗ್ಗುತ್ತ ಬಂತು, ಭೂಮಿ ಅದರೊಳಗಿತ್ತು, ಶೇಕಡಾವಾರು ಏರಿತು. ಪಟ್ಟಿಯ ತುದಿ ಭೂಮಿಯನ್ನು ದಾಟಿತು, ಇಳಿಯಿತು. ಮುಂದಿನ ಸಲ ಯಾವುದಾದರೂ ಕಲ್ಲಿನ ಹೆಸರು ಸುದ್ದಿಯಾದಾಗಲೂ ಬಹುಮಟ್ಟಿಗೆ ಇದೇ ನಡೆಯುತ್ತದೆ.

ಹೆಸರಿಟ್ಟ ಕಲ್ಲಿನ ಬಗ್ಗೆ ನನಗೆ ಅಷ್ಟು ಚಿಂತೆಯಿಲ್ಲ. ಹೆಸರು ಬಿತ್ತು ಅಂದರೆ ಕಕ್ಷೆ ಸಿಕ್ಕಿತು, ಕಕ್ಷೆ ಸಿಕ್ಕಿತು ಅಂದರೆ ಲೆಕ್ಕಕ್ಕೆ ಬಂತು. ಅಪೋಫಿಸ್ ಕಥೆಯೇ ನೋಡಿ. 2004ರಲ್ಲಿ ಸಿಕ್ಕಾಗ 2029ರಲ್ಲಿ ಬಡಿಯುವ ಸಾಧ್ಯತೆ ಶೇ 2.7ರವರೆಗೆ ಹೋಗಿತ್ತು. 2021ರ ರೇಡಾರ್ ಅಳತೆಯ ನಂತರ ಇನ್ನು ನೂರು ವರ್ಷ ಅದರಿಂದ ಭಯವಿಲ್ಲ ಎಂದು ತೀರ್ಮಾನವಾಗಿದೆ. ಸುಮಾರು 340 ಮೀಟರ್ ಅಗಲದ ಆ ಕಲ್ಲು 2029ರ ಏಪ್ರಿಲ್ 13ರಂದು, ನಮ್ಮ ಗಡಿಯಾರದಲ್ಲಿ 14ರ ನಸುಕಿಗೆ, ನೆಲದಿಂದ 32,000 ಕಿ.ಮೀ. ದೂರದಲ್ಲಿ ಹಾದುಹೋಗುತ್ತದೆ. ಡಿಟಿಎಚ್ ಉಪಗ್ರಹಗಳು ಇರುವುದು ಅದಕ್ಕಿಂತ ಆಚೆ, ಸುಮಾರು 36,000 ಕಿ.ಮೀ. ಎತ್ತರದಲ್ಲಿ. ಆ ವಾರ ಟಿ.ವಿ.ಯವರು ಏನೇನು ಹೇಳುತ್ತಾರೋ ಈಗಲೇ ಊಹಿಸಬಲ್ಲೆ.

ಒಂದು ಕಿಲೋಮೀಟರಿಗಿಂತ ದೊಡ್ಡವು, ಅಂದರೆ ಇಡೀ ಭೂಮಿಯ ಬೆಳೆಯನ್ನೇ ಕೆಡಿಸಬಲ್ಲವು, ಅವುಗಳಲ್ಲಿ ಶೇ 90ಕ್ಕೂ ಹೆಚ್ಚು ಪತ್ತೆಯಾಗಿವೆ ಎಂದು ಅಂದಾಜು. ಡೈನೋಸಾರ್‌ಗಳನ್ನು ಮುಗಿಸಿದ್ದು ಇನ್ನೂ ದೊಡ್ಡದು: 6.6 ಕೋಟಿ ವರ್ಷದ ಹಿಂದೆ ಮೆಕ್ಸಿಕೋದ ಚಿಕ್ಸುಲುಬ್‌ನಲ್ಲಿ ಬಿದ್ದದ್ದಕ್ಕೆ ಸುಮಾರು 10 ಕಿ.ಮೀ. ಅಗಲವಿತ್ತು. ಮಕ್ಕಳು ಕೇಳುವುದೆಲ್ಲ ಅದನ್ನೇ. ನಾನು ಅದರ ಬಗ್ಗೆ ಬೇಗ ಮುಗಿಸಿಬಿಡುತ್ತೇನೆ. ನಿಜವಾದ ಕೊರತೆ ಇರುವುದು ನಡುವಿನ ಗಾತ್ರದಲ್ಲಿ. 140 ಮೀಟರಿಗಿಂತ ದೊಡ್ಡವು ಭೂಮಿಯ ಆಸುಪಾಸಿನಲ್ಲಿ ಸುಮಾರು 25,000 ಇರಬೇಕು ಎಂಬ ಲೆಕ್ಕವಿದೆ. ಸಿಕ್ಕಿರುವುದು ಅರ್ಧಕ್ಕಿಂತ ಕಡಿಮೆ. ಇನ್ನು 50 ಮೀಟರ್, 20 ಮೀಟರಿನವು ಬಹುಪಾಲು ಯಾರ ಕಣ್ಣಿಗೂ ಬಿದ್ದಿಲ್ಲ.

ಆ 20 ಮೀಟರಿನ ಕಲ್ಲು ಏನು ಮಾಡಬಲ್ಲದು ಅನ್ನುವುದಕ್ಕೆ ರಷ್ಯಾದ ಚೆಲ್ಯಾಬಿನ್ಸ್ಕ್ ಸಾಕ್ಷಿ. 2013ರ ಫೆಬ್ರವರಿ 15, ಬೆಳಗಿನ ಒಂಬತ್ತೂ ಕಾಲು ದಾಟಿತ್ತು. ಕಲ್ಲು ಬಂದದ್ದು ಸೂರ್ಯನ ದಿಕ್ಕಿನಿಂದ. ಹಗಲಿನ ಆ ಬೆಳಕಿನತ್ತ ಯಾವ ದೂರದರ್ಶಕವೂ ಮುಖ ಮಾಡಿರುವುದಿಲ್ಲವಾದ್ದರಿಂದ ಮುನ್ಸೂಚನೆ ಒಂದಿಷ್ಟೂ ಇರಲಿಲ್ಲ. ತಮಾಷೆಯೆಂದರೆ ಅದೇ ದಿನ ಬೇರೊಂದು ಕ್ಷುದ್ರಗ್ರಹ 27,700 ಕಿ.ಮೀ. ದೂರದಲ್ಲಿ ಹಾದುಹೋಗುವುದಿತ್ತು, ಜಗತ್ತೆಲ್ಲ ಅದನ್ನೇ ಕಾಯುತ್ತಿತ್ತು. ಇತ್ತ ಸೆಕೆಂಡಿಗೆ 19 ಕಿ.ಮೀ. ವೇಗದಲ್ಲಿ ಬಂದ ಈ ಕಲ್ಲು ನೆಲ ಮುಟ್ಟುವ ಮೊದಲೇ, ಸುಮಾರು 30 ಕಿ.ಮೀ. ಎತ್ತರದಲ್ಲಿ ಸಿಡಿಯಿತು. ಹಿರೋಷಿಮಾ ಬಾಂಬಿನ ಸುಮಾರು 30 ಪಟ್ಟು ಶಕ್ತಿ.

ಸತ್ತವರು ಯಾರೂ ಇಲ್ಲ. ಗಾಯಗೊಂಡವರು ಸುಮಾರು 1,500. ಕಲ್ಲು ತಲೆಗೆ ಬಿದ್ದು ಗಾಯವಾದದ್ದಲ್ಲ, ಬಹುತೇಕ ಎಲ್ಲವೂ ಗಾಜಿನಿಂದ. ಸೂರ್ಯನನ್ನೂ ಮೀರಿಸುವ ಬೆಳಕು ಕಂಡಿತು, ಜನ ‘ಏನದು’ ಅಂತ ಕಿಟಕಿಗೆ ಬಂದು ನಿಂತರು. ಹೊಗೆಯ ಗೆರೆ ನೋಡುತ್ತ, ಫೋನು ಹಿಡಿದು ವಿಡಿಯೊ ಮಾಡುತ್ತ ನಿಂತರು. ಬೆಳಕು ತಕ್ಷಣ ಬರುತ್ತದೆ. ಗಾಳಿಯ ಒತ್ತಡದ ಅಲೆ ಒಂದು ಕಿಲೋಮೀಟರ್ ದಾಟಲು ಮೂರು ಸೆಕೆಂಡ್ ತೆಗೆದುಕೊಳ್ಳುತ್ತದೆ. 40–50 ಕಿ.ಮೀ. ದೂರಕ್ಕೆ ಎರಡು ನಿಮಿಷಕ್ಕೂ ಮೇಲಾಯಿತು. ಅಷ್ಟು ಹೊತ್ತು ಏನೂ ಆಗಲಿಲ್ಲವೆಂದು ಗಾಜಿಗೆ ಮೂಗು ಹಚ್ಚಿ ನಿಂತವರ ಮುಖಕ್ಕೇ ಆ ಗಾಜು ಒಡೆದು ಬಂತು. ಒಂದು ಶಾಲೆಯಲ್ಲಿ ಶಿಕ್ಷಕಿಯೊಬ್ಬರು ಬೆಳಕು ಕಂಡದ್ದೇ ತಡ 44 ಮಕ್ಕಳನ್ನು ಮೇಜಿನ ಕೆಳಗೆ ಕೂರಿಸಿದರು. ಒಂದು ಮಗುವಿಗೂ ಗೀರು ಬೀಳಲಿಲ್ಲ, ಮೇಡಂ ಕೈಗೆ ಮಾತ್ರ ಗಾಜು ಕೊಯ್ದಿತು.

ಶಾಲೆ ಕಾಲೇಜುಗಳಿಗೆ ಮಾತಾಡಲು ಹೋದಾಗ ನಾನು ಇದೊಂದನ್ನೇ ಮತ್ತೆ ಮತ್ತೆ ಹೇಳುವುದು. ಕಾರಣ ಗೊತ್ತಾಗದ ಭಾರೀ ಬೆಳಕು ಆಕಾಶದಲ್ಲಿ ಕಂಡರೆ ಗಾಜಿನಿಂದ ದೂರ ಸರಿಯಿರಿ, ಗೋಡೆಯ ಮರೆಯಲ್ಲೋ ಮೇಜಿನ ಕೆಳಗೋ ಕೂರಿ, ಐದು ನಿಮಿಷ ಅಲ್ಲೇ ಇರಿ. ವಿಡಿಯೊ ಬೇರೆಯವರು ಮಾಡಿರುತ್ತಾರೆ. ಅಗ್ರಹಾರದ ಹಳೇ ಮನೆಗಳಲ್ಲಿ ಕಿಟಕಿಗೆ ಮರದ ಬಾಗಿಲಿದ್ದವು. ಈಗ ಹೆಬ್ಬಾಳ, ವಿಜಯನಗರಗಳ ಕಡೆ ಎದ್ದಿರುವ ಕಟ್ಟಡಗಳ ಮುಂಭಾಗ ಪೂರ್ತಿ ಗಾಜು. ಆ ಗಾಜಿನ ಹಿಂದೆ ನೂರಾರು ಮಕ್ಕಳ ಕೋಚಿಂಗ್ ಕ್ಲಾಸು ನಡೆಯುತ್ತದೆ. ಉಲ್ಕೆಯ ಮಾತು ಬಿಡಿ, ಗ್ಯಾಸ್ ಸಿಲಿಂಡರ್ ಸಿಡಿದರೂ ಕಷ್ಟವೇ.

‘ದಡಂ’ ಸದ್ದಿನ ಬಗ್ಗೆ ಒಂದು ಮಾತು, ಮಂಡ್ಯದವರು ತಪ್ಪದೆ ಕೇಳುತ್ತಾರೆ. ಪಾಂಡವಪುರ, ಕೆಆರ್‌ಎಸ್ ಸುತ್ತಮುತ್ತ ಭಾರೀ ಸದ್ದು ಕೇಳಿಸಿದಾಗೆಲ್ಲ ಕಲ್ಲು ಗಣಿಯ ಸ್ಫೋಟವೋ, ಭೂಕಂಪವೋ, ಆಕಾಶದಿಂದ ಏನಾದರೂ ಬಿತ್ತೋ ಎಂಬ ಚರ್ಚೆ ಏಳುತ್ತದೆ. ಬೆಂಗಳೂರಿನಲ್ಲಿ 2020ರ ಮೇ 20ರಂದು ಊರೆಲ್ಲ ಬೆಚ್ಚಿಬಿದ್ದ ಸದ್ದು ವಾಯುಪಡೆಯ ವಿಮಾನದ ಪರೀಕ್ಷಾ ಹಾರಾಟದ್ದಾಗಿತ್ತು. ಗಣಿ ಸ್ಫೋಟವಾದರೆ ಭೂಕಂಪಮಾಪಕದಲ್ಲಿ ನೆಲದ ನಡುಕ ಮೊದಲು ದಾಖಲಾಗುತ್ತದೆ, ಸದ್ದು ಹತ್ತಿರದ ಹಳ್ಳಿಗಳಿಗೆ ಸೀಮಿತ. ಉಲ್ಕೆ ಸಿಡಿದರೆ ಬೆಳಕು ಮೊದಲು, ಸದ್ದು ನಿಮಿಷಗಳ ನಂತರ, ಅದೂ ಹಲವು ತಾಲ್ಲೂಕುಗಳಲ್ಲಿ ಒಂದರ ಹಿಂದೊಂದರಂತೆ. ಅಣುಪರೀಕ್ಷೆ ಪತ್ತೆಗೆಂದು ಜಗತ್ತಿನಾದ್ಯಂತ ಇಟ್ಟಿರುವ, ಕಿವಿಗೆ ಕೇಳಿಸದಷ್ಟು ತಗ್ಗು ಕಂಪನದ ಶಬ್ದ ಹಿಡಿಯುವ ಉಪಕರಣಗಳಲ್ಲಿ ಚೆಲ್ಯಾಬಿನ್ಸ್ಕ್ ಸಾವಿರಾರು ಕಿಲೋಮೀಟರ್ ಆಚೆಗೂ ದಾಖಲಾಗಿದೆ. ಬೆಳಕು ಯಾರಿಗೂ ಕಾಣದೆ ಬರೀ ಸದ್ದು ಕೇಳಿದ್ದರೆ ನಾನು ಮೊದಲು ಗಣಿಯ ಕಡೆಗೇ ಬೆರಳು ತೋರಿಸುವುದು.

ಗಾತ್ರ 50–60 ಮೀಟರಿಗೆ ಏರಿದರೆ ಗಾಜಿನ ಮಾತು ಸಾಲದು. 1908ರ ಜೂನ್ 30ರಂದು ಸೈಬೀರಿಯಾದ ತುಂಗುಸ್ಕಾ ಮೇಲೆ ಸಿಡಿದದ್ದು ಸುಮಾರು 2,150 ಚದರ ಕಿ.ಮೀ. ಕಾಡನ್ನು ಮಲಗಿಸಿತು. ಇಡೀ ಮಂಡ್ಯ ಜಿಲ್ಲೆಯ ವಿಸ್ತೀರ್ಣ 4,961 ಚದರ ಕಿ.ಮೀ. ಲೆಕ್ಕ ನೀವೇ ಹಾಕಿ. ಹೀಗಾಗುವುದು ಕೆಲವು ಶತಮಾನಕ್ಕೊಮ್ಮೆ, ಅಥವಾ ಇನ್ನೂ ಅಪರೂಪಕ್ಕೆ. ಅದರಲ್ಲೂ ಭೂಮಿಯ ಮುಕ್ಕಾಲು ಪಾಲು ಸಮುದ್ರ. ತುಂಗುಸ್ಕಾದಲ್ಲಿ ಕುಳಿಯೂ ಆಗಲಿಲ್ಲ, ಕಲ್ಲೆಲ್ಲ ಗಾಳಿಯಲ್ಲೇ ಪುಡಿಯಾಯಿತು. ಕುಳಿ ನೋಡಬೇಕೆಂದರೆ ಮಹಾರಾಷ್ಟ್ರದ ಲೋನಾರ್‌ಗೆ ಹೋಗಿ. 1.8 ಕಿ.ಮೀ. ಅಗಲ, ಬಸಾಲ್ಟ್ ಬಂಡೆಯ ಮೇಲೆ ಬಿದ್ದ ಪೆಟ್ಟು, ಒಳಗೆ ಉಪ್ಪು-ಕ್ಷಾರದ ನೀರು. ಕಲ್ಲಿನ ಕಸುಬಿನವರಿಗೆ ಅದು ಯಾತ್ರಾಸ್ಥಳ.

ಭೂಕಂಪ ತಡೆಯಲಾಗದು, ಚಂಡಮಾರುತ ತಿರುಗಿಸಲಾಗದು. ಕ್ಷುದ್ರಗ್ರಹವನ್ನು ತಿರುಗಿಸಬಹುದು, ತಿರುಗಿಸಿಯೂ ಆಗಿದೆ. 2022ರ ಸೆಪ್ಟೆಂಬರ್ 26ರಂದು ನಾಸಾದ ಡಾರ್ಟ್ ನೌಕೆ ಸೆಕೆಂಡಿಗೆ ಆರು ಕಿಲೋಮೀಟರಿಗೂ ಹೆಚ್ಚಿನ ವೇಗದಲ್ಲಿ ಡೈಮಾರ್ಫಸ್ ಎಂಬ 160 ಮೀಟರಿನ ಕಲ್ಲಿಗೆ ಗುದ್ದಿತು. ಅದು ತನ್ನ ದೊಡ್ಡಣ್ಣ ಡಿಡಿಮಸ್ ಸುತ್ತ ಸುತ್ತಲು 11 ಗಂಟೆ 55 ನಿಮಿಷ ತೆಗೆದುಕೊಳ್ಳುತ್ತಿತ್ತು, ಗುದ್ದಿದ ಮೇಲೆ ಸುಮಾರು 33 ನಿಮಿಷ ಕಡಿಮೆಯಾಯಿತು. ನೌಕೆಯ ಗುದ್ದಿಗಿಂತ, ಗುದ್ದಿದಾಗ ಹಿಂದಕ್ಕೆ ಚಿಮ್ಮಿದ ಕಲ್ಲುಪುಡಿಯ ಒದೆತವೇ ಹೆಚ್ಚು ಕೆಲಸ ಮಾಡಿದ್ದು. ಸಡಿಲ ಕಲ್ಲುಗುಡ್ಡೆಯಾದರೆ ಹೀಗೆ, ಗಟ್ಟಿ ಬಂಡೆಯಾದರೆ ಲೆಕ್ಕ ಬೇರೆ. ಅದಕ್ಕೇ ಯುರೋಪಿನ ಹೇರಾ ನೌಕೆ 2024ರ ಅಕ್ಟೋಬರ್‌ನಲ್ಲಿ ಆ ಜಾಗ ಪರೀಕ್ಷಿಸಲು ಹೊರಟಿದ್ದು.

ಇದೆಲ್ಲ ನಡೆಯಲು ವರ್ಷಗಳ ಮುಂಚೆ ತಿಳಿದಿರಬೇಕು. ಧೂಮಕೇತುಗಳು ತೊಡಕಾಗುವುದು ಇಲ್ಲಿಯೇ. ಬಾಲಚುಕ್ಕಿ ಕಂಡರೆ ರಾಜನಿಗೆ ಕೇಡು ಅನ್ನುತ್ತಿದ್ದ ಕಾಲ ಹೋಯಿತು. 2024ರ ಅಕ್ಟೋಬರ್‌ನಲ್ಲಿ ತ್ಸುಚಿನ್‌ಶಾನ್-ಅಟ್ಲಾಸ್ ಕಾಣಿಸಿದಾಗ ಜನ ಕ್ಯಾಮೆರಾ ಹಿಡಿದು ಸಂತೋಷಪಟ್ಟರು, ಸರಿಯೇ. ಆದರೆ ಸೌರವ್ಯೂಹದ ಅಂಚಿನಿಂದ ಮೊದಲ ಸಲ ಒಳಬರುವ ಧೂಮಕೇತು ಪತ್ತೆಯಾಗುವುದೇ ತಡವಾಗಿ. 2013ರ ಜನವರಿಯಲ್ಲಿ ಸಿಕ್ಕ ಸೈಡಿಂಗ್ ಸ್ಪ್ರಿಂಗ್ ಧೂಮಕೇತು 2014ರ ಅಕ್ಟೋಬರ್ 19ಕ್ಕೆ ಮಂಗಳನ ಪಕ್ಕದಲ್ಲೇ, ಬರೀ 1.4 ಲಕ್ಷ ಕಿ.ಮೀ. ದೂರದಲ್ಲಿ ಹಾದುಹೋಯಿತು. ಎರಡು ವರ್ಷವೂ ಸಿಗಲಿಲ್ಲ. ಅಂಥದ್ದು ನಮ್ಮ ಕಡೆ ತಿರುಗಿದರೆ ಅಷ್ಟರಲ್ಲಿ ನೌಕೆ ಕಟ್ಟಿ ಹಾರಿಸುವುದು ಇಂದಿಗೆ ಆಗದ ಮಾತು. ಬಂದು ಬೀಳುವವುಗಳಲ್ಲಿ ಧೂಮಕೇತುಗಳ ಪಾಲು ತೀರಾ ಸಣ್ಣದು ಎನ್ನುವುದಷ್ಟೇ ಸಮಾಧಾನ.

ಚಿಕ್ಕವಕ್ಕೆ ಗಂಟೆಗಳ ಮುನ್ಸೂಚನೆ ಈಗ ಆಗೊಮ್ಮೆ ಈಗೊಮ್ಮೆ ಸಿಗುತ್ತಿದೆ. 2008ರ ಅಕ್ಟೋಬರ್‌ನಲ್ಲಿ ಸುಡಾನ್ ಮರುಭೂಮಿಯ ಮೇಲೆ ಸಿಡಿದ ಸುಮಾರು ನಾಲ್ಕು ಮೀಟರಿನ ಕಲ್ಲು ಬೀಳಲು ಸುಮಾರು 20 ಗಂಟೆ ಇದ್ದಾಗ ಕಂಡಿತ್ತು. ಬೀಳುವ ಮೊದಲೇ ಕಂಡ ಮೊಟ್ಟಮೊದಲನೆಯದು ಅದು. ಸೂರ್ಯನ ದಿಕ್ಕಿನಿಂದ ಬರುವವನ್ನು ನೆಲದ ದೂರದರ್ಶಕಗಳಿಂದ ಹಿಡಿಯುವುದು ಕಷ್ಟ. ಶಾಖದ ಕಿರಣಗಳಲ್ಲಿ ಹುಡುಕುವ, ಬಾಹ್ಯಾಕಾಶದಲ್ಲೇ ಇರುವ ಕಣ್ಣು ಬೇಕು. ನಾಸಾ ಕಟ್ಟುತ್ತಿರುವ ನಿಯೋ ಸರ್ವೇಯರ್ ಅದಕ್ಕಾಗಿಯೇ. ಖರ್ಚು ಹೆಚ್ಚಾಯಿತು ಎಂದು ಕೆಲವರು ಗೊಣಗುತ್ತಾರೆ. ನನಗೆ ಹಾಗನ್ನಿಸುವುದಿಲ್ಲ.

ಕೊನೆಯದಾಗಿ, ಜನ ನನ್ನ ಬಳಿ ಹೊತ್ತು ತರುವ ಕಲ್ಲುಗಳ ಬಗ್ಗೆ. ನಮ್ಮ ಸೀಮೆಗೆ ಬಿದ್ದೇ ಇಲ್ಲ ಅಂತಲ್ಲ: 1865ರಲ್ಲಿ ಮದ್ದೂರಿನಲ್ಲಿ ಬಿದ್ದ ಉಲ್ಕಾಶಿಲೆ ಜಗತ್ತಿನ ಪಟ್ಟಿಗಳಲ್ಲಿ ‘ಮುದ್ದೂರ್’ ಎಂದೇ ದಾಖಲಾಗಿದೆ, ತೂಕ ನಾಲ್ಕು ಕಿಲೋ ಮೇಲೆ. ಊರಿಗೆ ವಡೆಯ ಹೆಸರಷ್ಟೇ ಅಲ್ಲ ಎಂದು ಮದ್ದೂರಿನವರಿಗೆ ಹೇಳಿದರೆ ಖುಷಿಪಡುತ್ತಾರೆ. ಆದರೆ ನನ್ನ ಮೇಜಿಗೆ ಬರುವವು ಬಹುತೇಕ ಕರಿಕಲ್ಲು, ಅಥವಾ ಹಿಂದಿನವರು ಕಬ್ಬಿಣ ಕರಗಿಸಿ ಬಿಸಾಡಿದ ಕಿಟ್ಟ. ಮಳವಳ್ಳಿ ಕಡೆಯ ರೈತರೊಬ್ಬರು ತಂದ ಕಲ್ಲಿಗೆ ಆಗಲೇ ಅರಿಶಿನ ಕುಂಕುಮ ಬಿದ್ದಿತ್ತು. ‘ಯಜಮಾನ್ರೇ, ಒಂದು ಅಂಚು ಕೊಯ್ಯಲಾ?’ ಎಂದು ಅಪ್ಪಣೆ ಕೇಳಿಯೇ ಗರಗಸ ಇಟ್ಟೆ. ಒಳಗೆಲ್ಲ ಗುಳ್ಳೆಯ ತೂತು. ತೂತಿದ್ದರೆ ಕಿಟ್ಟ, ಉಲ್ಕಾಶಿಲೆಯಲ್ಲಿ ಗುಳ್ಳೆ ಇರುವುದು ತೀರಾ ಅಪರೂಪ. ಟೈಲ್ಸ್‌ನ ಒರಟು ಹಿಂಬದಿಗೆ ಉಜ್ಜಿದಾಗ ಕೆಂಪು ಅಥವಾ ಕಪ್ಪು ಗೆರೆ ದಟ್ಟವಾಗಿ ಬಿದ್ದರೆ ಅದು ನಮ್ಮ ನೆಲದ ಕಬ್ಬಿಣದ ಅದಿರೇ. ಹೊಸದಾಗಿ ಬಿದ್ದ ಉಲ್ಕಾಶಿಲೆಯ ಮೈಮೇಲೆ ತೆಳ್ಳನೆಯ ಕಪ್ಪು ಸುಟ್ಟ ಪದರ ಇರುತ್ತದೆ, ಕೊಯ್ದರೆ ಒಳಗೆ ತಿಳಿ ಬಣ್ಣ, ಅಲ್ಲಲ್ಲಿ ಲೋಹದ ಹೊಳೆಯುವ ಕಾಳು.

ನಿಮ್ಮ ಕಣ್ಣೆದುರೇ ಬಿದ್ದದ್ದಾದರೆ ಆಯಸ್ಕಾಂತ ಹಚ್ಚಲು ಹೋಗಬೇಡಿ, ಕಲ್ಲಿನೊಳಗೆ ಕೋಟ್ಯಂತರ ವರ್ಷಗಳಿಂದ ಉಳಿದ ಕಾಂತದ ಗುರುತು ಅಳಿಸಿಹೋಗುತ್ತದೆ. ತೊಳೆಯಬೇಡಿ. ಬರಿಗೈಯಲ್ಲಿ ಮುಟ್ಟದೆ ಅಲ್ಯೂಮಿನಿಯಂ ಫಾಯಿಲ್‌ನಲ್ಲಿ ಸುತ್ತಿ, ಬಿದ್ದ ಗುಂಡಿಯ ಫೋಟೊ ತೆಗೆದು, ಸಮಯ ಬರೆದಿಟ್ಟು ತಹಶೀಲ್ದಾರರಿಗೆ ತಿಳಿಸಿ. ಉಲ್ಕಾಶಿಲೆಗಳನ್ನು ಕಾಪಿಡುವ ಹೊಣೆ ನಮ್ಮ ದೇಶದಲ್ಲಿ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಸಂಸ್ಥೆಯದು, ಕಲ್ಲು ಕೊನೆಗೆ ಅಲ್ಲಿಗೇ ಹೋಗಬೇಕು. ಮಳೆ ಬರುವಂತಿದ್ದರೆ ಮಾತ್ರ ಯಾರನ್ನೂ ಕಾಯದೆ ಎತ್ತಿಡಿ, ನೀರು ತಗುಲಿದ ಲೋಹದ ಕಾಳು ಬೇಗ ತುಕ್ಕು ಹಿಡಿಯುತ್ತದೆ.