ನೇಮಕಾತಿ ವಯೋಮಿತಿ: ನ್ಯಾಯಾಲಯ ಕೊಡಬಲ್ಲದ್ದು, ಕೊಡಲಾಗದ್ದು

ವಯಸ್ಸು ಮೀರಿದೆ ಎಂಬ ಕಾರಣಕ್ಕೆ ಅರ್ಜಿ ತಿರಸ್ಕೃತವಾದ ಅಭ್ಯರ್ಥಿಗಳು ನಮ್ಮ ಕಚೇರಿಗೆ ಬಂದಾಗ ಹೇಳುವ ಮಾತು ಬಹುತೇಕ ಒಂದೇ ಆಗಿರುತ್ತದೆ: "ಸರ್, ಸರ್ಕಾರವೇ ವರ್ಷಗಟ್ಟಲೆ ನೇಮಕಾತಿ ಮಾಡಲಿಲ್ಲ, ಅದಕ್ಕೆ ನಾನು ಹೇಗೆ ಹೊಣೆ?" ಈ ಪ್ರಶ್ನೆ ನ್ಯಾಯವಾದದ್ದೇ. ಆದರೆ ವಿಳಂಬದಿಂದ ಆದ ಅನ್ಯಾಯವನ್ನು ಒಪ್ಪಿಕೊಂಡರೂ, ನಿಯಮದಲ್ಲಿ ಇಲ್ಲದ ಸಡಿಲಿಕೆಯನ್ನು ನ್ಯಾಯಾಲಯ ತಾನಾಗಿ ಸೃಷ್ಟಿಸುವುದಿಲ್ಲ ಎಂಬುದನ್ನು ಸೇವಾ ಪ್ರಕರಣಗಳನ್ನು ನಡೆಸುವ ನಾವು ಅವರಿಗೆ ಮೊದಲೇ ತಿಳಿಸಬೇಕಾಗುತ್ತದೆ.

ಕರ್ನಾಟಕದಲ್ಲಿ 1977ರ ನಾಗರಿಕ ಸೇವಾ (ಸಾಮಾನ್ಯ ನೇಮಕಾತಿ) ನಿಯಮಗಳ 6ನೇ ನಿಯಮವು ಗರಿಷ್ಠ ವಯಸ್ಸನ್ನು ಸಾಮಾನ್ಯ ವರ್ಗಕ್ಕೆ 35, ಪ್ರವರ್ಗ 2ಎ, 2ಬಿ, 3ಎ, 3ಬಿಗೆ 38, ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡ ಮತ್ತು ಪ್ರವರ್ಗ 1ಕ್ಕೆ 40 ಎಂದು ನಿಗದಿಪಡಿಸಿದೆ. ಮಾಜಿ ಸೈನಿಕರಿಗೆ, ವಿಧವೆಯರಿಗೆ, ಅಂಗವಿಕಲರಿಗೆ ಪ್ರತ್ಯೇಕ ರಿಯಾಯಿತಿಗಳಿವೆ. ಪೊಲೀಸ್‌ನಂತಹ ಇಲಾಖೆಗಳ ವಿಶೇಷ ನೇಮಕಾತಿ ನಿಯಮಗಳಲ್ಲಿ ಮಿತಿ ಬೇರೆಯೇ ಇರುವುದರಿಂದ ಆ ನಿಯಮಗಳನ್ನು ಓದದೆ ಯಾರೂ ವ್ಯಾಜ್ಯಕ್ಕೆ ಇಳಿಯಬಾರದು.

ವಯಸ್ಸನ್ನು ಯಾವ ದಿನದಂದು ಲೆಕ್ಕ ಹಾಕಬೇಕು ಎಂಬುದು ಮುಂದಿನ ಪ್ರಶ್ನೆ. ಅರ್ಹತೆಯ ದಿನಾಂಕವನ್ನು ನಿಯಮ ಹೇಳಿದ್ದರೆ ಅದೇ ಅಂತಿಮ. ನಿಯಮ ಸುಮ್ಮನಿದ್ದರೆ ಅಧಿಸೂಚನೆಯಲ್ಲಿರುವ ದಿನಾಂಕ. ಅದೂ ಇಲ್ಲದಿದ್ದರೆ ಅರ್ಜಿ ಸಲ್ಲಿಸಲು ಕೊನೆಯ ದಿನಾಂಕ ಎಂಬ ಕ್ರಮವನ್ನು ಸುಪ್ರೀಂ ಕೋರ್ಟ್ 2000ದ ಭೂಪಿಂದರ್‌ಪಾಲ್ ಸಿಂಗ್ ಪ್ರಕರಣದಲ್ಲಿ ಸ್ಪಷ್ಟಪಡಿಸಿತು.

ಒಂದೇ ದಿನದ ಅಂತರ ಎಷ್ಟು ನಿಷ್ಠುರವಾಗಬಲ್ಲದು ಎಂಬುದಕ್ಕೆ ರಾಜಸ್ಥಾನದಿಂದ ಬಂದ 1986ರ ಪ್ರಭುದಯಾಳ್ ಸೆಸ್ಮಾ ತೀರ್ಪನ್ನು ನೋಡಬೇಕು. ಅಭ್ಯರ್ಥಿ ಹುಟ್ಟಿದ್ದು 1956ರ ಜನವರಿ 2ರಂದು. 1984ರ ಜನವರಿ 1ಕ್ಕೆ 28 ವರ್ಷ ತುಂಬಿರಬಾರದು ಎಂಬುದು ಷರತ್ತು. ಹುಟ್ಟುಹಬ್ಬ ಮರುದಿನವಾದ್ದರಿಂದ ತಾನು ಅರ್ಹ ಎಂಬುದು ಅವರ ವಾದ. ಆದರೆ ಹುಟ್ಟಿದ ದಿನವನ್ನೂ ಪೂರ್ಣ ದಿನವಾಗಿ ಎಣಿಸಬೇಕು, ಹಾಗಾಗಿ ವಯಸ್ಸು ತುಂಬುವುದು ಹುಟ್ಟುಹಬ್ಬದ ಹಿಂದಿನ ದಿನವೇ ಎಂದು ನ್ಯಾಯಾಲಯ ಹೇಳಿತು, ಅವರು ಅನರ್ಹರಾದರು. ನಮ್ಮಲ್ಲಿ ಶಾಲೆಗೆ ಸೇರಿಸುವಾಗ ಮೇಷ್ಟ್ರು ಜೂನ್ 1 ಎಂದು ಬರೆದುಕೊಂಡ ಅಸಂಖ್ಯ ಮಂದಿ ಇದ್ದಾರೆ. ಅವರಿಗೆ ವರ್ಷ ತುಂಬುವುದು ಮೇ 31ಕ್ಕೆ. ಅಂಥವರು ಕೊನೆಯ ದಿನಾಂಕವನ್ನು ಎರಡು ಬಾರಿ ನೋಡಿಕೊಳ್ಳಬೇಕು. ಜನ್ಮದಿನಾಂಕವನ್ನೇ ತಿದ್ದಿಸಿಕೊಳ್ಳೋಣವೆಂದರೆ, ಸೇವೆಗೆ ಸೇರಿದವರಿಗೂ 1974ರ ರಾಜ್ಯ ಕಾಯ್ದೆ ಬಿಗಿಯಾದ ಕಾಲಮಿತಿ ಹಾಕಿದೆ, ಮತ್ತು ತಿದ್ದುಪಡಿಯನ್ನು ಹಕ್ಕಾಗಿ ಕೇಳಲಾಗದು ಎಂದು ಕರ್ನಾಟಕದ್ದೇ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿದೆ.

ಇದಕ್ಕಿಂತ ಸೂಕ್ಷ್ಮವಾದ, ಹೆಚ್ಚಿನವರು ಫಲಿತಾಂಶ ಬಂದ ಮೇಲಷ್ಟೇ ಎದುರಿಸುವ ವಿವಾದ ಇನ್ನೊಂದಿದೆ. ಮೀಸಲು ವರ್ಗದ ಅಭ್ಯರ್ಥಿ ವಯೋಮಿತಿ ಸಡಿಲಿಕೆ ಪಡೆದು ಪರೀಕ್ಷೆ ಬರೆದು, ಸಾಮಾನ್ಯ ವರ್ಗದ ಕಟ್‌ಆಫ್‌ಗಿಂತ ಹೆಚ್ಚು ಅಂಕ ಗಳಿಸಿದರೆ ಸಾಮಾನ್ಯ ಸ್ಥಾನ ಸಿಗುತ್ತದೆಯೇ? ಉತ್ತರ ಪ್ರದೇಶದ ಜಿತೇಂದ್ರ ಕುಮಾರ್ ಸಿಂಗ್ ಪ್ರಕರಣದಲ್ಲಿ (2010) ಸಿಗುತ್ತದೆ ಎಂದಿತು ಸುಪ್ರೀಂ ಕೋರ್ಟ್, ಏಕೆಂದರೆ ಆ ರಾಜ್ಯದ ಕಾಯ್ದೆ ಮತ್ತು ಆದೇಶಗಳು ಅದಕ್ಕೆ ಅವಕಾಶ ಕೊಟ್ಟಿದ್ದವು. ದೀಪಾ ಇ.ವಿ. ಪ್ರಕರಣದಲ್ಲಿ (2017) ಸಿಗದು ಎಂದಿತು, ಏಕೆಂದರೆ ಅಲ್ಲಿ ಅನ್ವಯವಾಗುತ್ತಿದ್ದ ಕೇಂದ್ರದ ಆದೇಶ ಅದನ್ನು ಸ್ಪಷ್ಟವಾಗಿ ತಡೆದಿತ್ತು. ಎರಡೂ ತೀರ್ಪುಗಳು ಒಂದಕ್ಕೊಂದು ವಿರುದ್ಧವಾಗಿವೆ ಎಂದು ವಾದಿಸುವವರಿದ್ದಾರೆ. ನನ್ನ ದೃಷ್ಟಿಯಲ್ಲಿ ಹಾಗಿಲ್ಲ, ಎರಡರಲ್ಲೂ ಫಲಿತಾಂಶವನ್ನು ನಿರ್ಧರಿಸಿದ್ದು ಆಯಾ ನೇಮಕಾತಿಗೆ ಅನ್ವಯವಾದ ನಿಯಮವೇ. 39ನೇ ವಯಸ್ಸಿನಲ್ಲಿ, ಮನೆಯವರ ಕೊನೆಯ ನಿರೀಕ್ಷೆಯನ್ನು ಹೊತ್ತು ಪರೀಕ್ಷೆ ಬರೆಯುವ ಅಭ್ಯರ್ಥಿಗೆ ಈ ಷರತ್ತನ್ನು ಅಧಿಸೂಚನೆಯಲ್ಲಿಯೇ ತಿಳಿಯಾದ ಕನ್ನಡದಲ್ಲಿ ಹೇಳುವುದು ನೇಮಕಾತಿ ಪ್ರಾಧಿಕಾರದ ಕರ್ತವ್ಯ ಎಂದು ನಾನು ದೃಢವಾಗಿ ನಂಬುತ್ತೇನೆ.

ವಿಳಂಬದ ವಿಷಯಕ್ಕೆ ಬಂದರೆ, ಕೋವಿಡ್ ಕಾಲದಲ್ಲಿ ನಾಗರಿಕ ಸೇವಾ ಪರೀಕ್ಷೆಗೆ ಇನ್ನೊಂದು ಅವಕಾಶ ಕೋರಿದವರ ಮನವಿಯನ್ನೂ ಸುಪ್ರೀಂ ಕೋರ್ಟ್ 2021ರಲ್ಲಿ ತಳ್ಳಿಹಾಕಿತು. ಅದು ಸರ್ಕಾರದ ನೀತಿಗೆ ಬಿಟ್ಟ ವಿಷಯ ಎಂಬುದೇ ಕಾರಣ. ಸರ್ಕಾರ ಮನಸ್ಸು ಮಾಡಿದರೆ ಪರಿಹಾರ ಸಾಧ್ಯ ಎಂಬುದಕ್ಕೆ ನಮ್ಮ ರಾಜ್ಯವೇ ಸಾಕ್ಷಿ: ಒಳಮೀಸಲಾತಿ ನಿರ್ಧಾರಕ್ಕಾಗಿ ನೇಮಕಾತಿಗಳು ನಿಂತಿದ್ದ ಹಿನ್ನೆಲೆಯಲ್ಲಿ 2025ರ ಸೆಪ್ಟೆಂಬರ್‌ನಲ್ಲಿ ಎಲ್ಲ ವರ್ಗಗಳಿಗೂ ಒಂದು ಬಾರಿಗೆ 3 ವರ್ಷಗಳ ಸಡಿಲಿಕೆ ಘೋಷಿಸಿ, ಅದನ್ನು 2027ರ ಡಿಸೆಂಬರ್ 31ರ ವರೆಗಿನ ಅಧಿಸೂಚನೆಗಳಿಗೆ ಅನ್ವಯಿಸಲಾಯಿತು. ಹೀಗೆ ಆಗಾಗ ಆದೇಶ ಹೊರಡಿಸುವ ಬದಲು, ಹುದ್ದೆ ಖಾಲಿಯಾದ ವರ್ಷದ ವಯಸ್ಸನ್ನೇ ಪರಿಗಣಿಸುವಂತೆ ನಿಯಮವನ್ನು ತಿದ್ದುವುದು ಹೆಚ್ಚು ನ್ಯಾಯಸಮ್ಮತ.

ಅಲ್ಲಿಯವರೆಗೆ, ಅಧಿಸೂಚನೆಯ ವಯೋಮಿತಿ ನಿಯಮಕ್ಕೆ ವಿರುದ್ಧವಾಗಿದೆ ಎನಿಸಿದವರು ಪರೀಕ್ಷೆ ಮುಗಿಯುವವರೆಗೆ ಕಾಯದೆ, ಅಧಿಸೂಚನೆ, ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಮತ್ತು ಜಾತಿ ಪ್ರಮಾಣಪತ್ರದೊಂದಿಗೆ ಕೂಡಲೇ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯ ಬೆಂಗಳೂರು, ಬೆಳಗಾವಿ ಅಥವಾ ಕಲಬುರಗಿ ಪೀಠಕ್ಕೆ ಹೋಗಬೇಕು. ಪರೀಕ್ಷೆಗೆ ಕೂರಲು ಮಧ್ಯಂತರ ಆದೇಶ ಸಿಕ್ಕರೂ ಅದು ಅಂತಿಮ ತೀರ್ಪಿಗೆ ಒಳಪಟ್ಟಿರುತ್ತದೆ. ಅದರಿಂದಲೇ ಹುದ್ದೆಯ ಮೇಲೆ ಹಕ್ಕು ಹುಟ್ಟುವುದಿಲ್ಲ.