ಭಾವನೆಗೆ ಜಾಗವಿದೆ, ಸಮಯವಿಲ್ಲ

1816ರಲ್ಲಿ ಪ್ಯಾರಿಸ್‌ನ ವೈದ್ಯ ರೆನೆ ಲೆನೆಕ್ ಬಳಿಗೆ ಹೃದಯದ ತೊಂದರೆಯಿದ್ದ ಯುವತಿಯೊಬ್ಬಳು ಬಂದಳು. ಎದೆಬಡಿತ ಕೇಳಬೇಕೆಂದರೆ ಆಗ ಎದೆಗೇ ಕಿವಿಯಿಡಬೇಕಿತ್ತು. ಅವರಿಗೆ ಮುಜುಗರವಾಯಿತು. ಕಾಗದವನ್ನು ಬಿಗಿಯಾಗಿ ಸುರುಳಿ ಸುತ್ತಿ, ಒಂದು ತುದಿ ಅವಳ ಎದೆಗೆ, ಇನ್ನೊಂದು ತನ್ನ ಕಿವಿಗೆ ಇಟ್ಟರು. ಬಡಿತ ಇನ್ನೂ ಚೆನ್ನಾಗಿ ಕೇಳಿಸಿತು! ಸ್ಟೆತಸ್ಕೋಪ್ ಹುಟ್ಟಿದ್ದು ಹೀಗೆ. ಲಾಭ ದೊಡ್ಡದೇ. ಆದರೆ ವೈದ್ಯರ ತಲೆ ರೋಗಿಯಿಂದ ತುಸು ಹಿಂದೆ ಸರಿಯಿತು.

ಆಮೇಲೆ ಆ ದೂರವೇ ಒಳ್ಳೆಯ ಗುಣ ಎನಿಸಿಕೊಂಡಿತು. ಏನೇ ಆದರೂ ಮುಖದಲ್ಲಿ ತೋರಿಸಬೇಡಿ, ಶಾಂತವಾಗಿರಿ ಎಂದು ಹೆಸರಾಂತ ವೈದ್ಯ ವಿಲಿಯಂ ಆಸ್ಲರ್ 1889ರಲ್ಲಿ ಹೊಸ ವೈದ್ಯರಿಗೆ ಬುದ್ಧಿ ಹೇಳಿದರು. ತಪ್ಪೇನಿಲ್ಲ. ಕೈ ನಡುಗುವ ಸರ್ಜನ್ ಯಾರಿಗೆ ಬೇಕು, ಅಲ್ವಾ? 1927ರಲ್ಲಿ ಅಚ್ಚಾದ ಉಪನ್ಯಾಸದಲ್ಲಿ ಹಾರ್ವರ್ಡ್‌ನ ವೈದ್ಯ ಫ್ರಾನ್ಸಿಸ್ ಪೀಬಾಡಿ ಇದಕ್ಕೆ ಇನ್ನೊಂದು ಮಾತು ಸೇರಿಸಿದರು: ರೋಗಿಯನ್ನು ನೋಡಿಕೊಳ್ಳುವ ಗುಟ್ಟಿರುವುದು ಅವರ ಬಗ್ಗೆ ಕಾಳಜಿ ಇಡುವುದರಲ್ಲೇ. ಆ ಮಾತನ್ನು ಇಂದಿಗೂ ಎಲ್ಲರೂ ಹೇಳುತ್ತಾರೆ. ಪಾಲಿಸುವುದು ಬೇರೆ ವಿಷಯ. 1984ರಲ್ಲಿ ಅಮೆರಿಕದ ಇಬ್ಬರು ಸಂಶೋಧಕರು 74 ಭೇಟಿಗಳ ರೆಕಾರ್ಡಿಂಗ್ ಕೇಳಿ ನೋಡಿದರು. ರೋಗಿ ಮಾತು ಶುರುಮಾಡಿದ ಸರಾಸರಿ 18 ಸೆಕೆಂಡಿಗೇ ವೈದ್ಯರು ಬಾಯಿ ಹಾಕುತ್ತಿದ್ದರು. ತಡೆಯದಿದ್ದರೆ ಎಷ್ಟು ಹೊತ್ತು ಮಾತಾಡಿಯಾರು? 2002ರಲ್ಲಿ ಸ್ವಿಟ್ಜರ್ಲೆಂಡಿನ ವೈದ್ಯರು ಸುಮ್ನೆ ಕೂತು ಕೇಳಿದರು. 335 ರೋಗಿಗಳ ಸರಾಸರಿ 92 ಸೆಕೆಂಡು, ಅಷ್ಟೇ.

ಕಾರ್ಖಾನೆಯ ಕಥೆಯಲ್ಲೂ ಗಡಿಯಾರವಿದೆ. ಅಮೆರಿಕದ ಎಂಜಿನಿಯರ್ ಫ್ರೆಡರಿಕ್ ಟೇಲರ್ ಸ್ಟಾಪ್‌ವಾಚ್ ಹಿಡಿದು ಕೆಲಸವನ್ನು ಸೆಕೆಂಡುಗಳಲ್ಲಿ ಅಳೆಯುವ ಪದ್ಧತಿಯ ಬಗ್ಗೆ 1911ರಲ್ಲಿ ಪುಸ್ತಕವನ್ನೇ ಬರೆದರು. 1924ರಲ್ಲಿ ಶಿಕಾಗೋ ಬಳಿಯ ಹಾಥಾರ್ನ್ ಕಾರ್ಖಾನೆಯಲ್ಲಿ ಪ್ರಯೋಗಗಳು ಶುರುವಾದವು. ದೀಪ ಜಾಸ್ತಿ ಮಾಡಿದರೂ ಕಡಿಮೆ ಮಾಡಿದರೂ ಕೆಲಸ ಹೆಚ್ಚಿತು, ಯಾರೋ ತಮ್ಮನ್ನು ಗಮನಿಸುತ್ತಿದ್ದಾರೆ ಎಂಬುದೇ ಕಾರಣ ಎಂದು ಪ್ರಚಾರವಾಯಿತು. ಅಂಕಿಅಂಶಗಳು ಅಷ್ಟು ನೇರವಾಗಿಲ್ಲ ಎಂದು ಆಮೇಲಿನವರು ತೋರಿಸಿದ್ದಾರೆ. ಅಷ್ಟರಲ್ಲಿ ಮ್ಯಾನೇಜರುಗಳು ಪಾಠ ಕಲಿತಾಗಿತ್ತು. ಆತ್ಮೀಯತೆಯಿಂದ ಲಾಭವಿದೆ! ಅದರ ಬೆಲೆ ಯಾರು ತೆತ್ತರು ಎಂಬುದನ್ನು 1983ರಲ್ಲಿ ಸಮಾಜಶಾಸ್ತ್ರಜ್ಞೆ ಆರ್ಲಿ ಹಾಕ್‌ಶೀಲ್ಡ್ ಬರೆದರು. ಬೈಯುವ ಪ್ರಯಾಣಿಕರಿಗೂ ಗಗನಸಖಿ ನಗಬೇಕು. ನಗು ಅವಳದ್ದಲ್ಲ, ಸಂಬಳಕ್ಕೆ ಸೇರಿದ್ದು.

ರಾಜಕಾರಣಿಗಳು ಇದನ್ನು ಬೇಗ ಕಲಿತರು. 1933ರ ಮಾರ್ಚ್ 12ರ ರಾತ್ರಿ, ಬ್ಯಾಂಕುಗಳೆಲ್ಲ ಮುಚ್ಚಿದ್ದಾಗ, ಅಮೆರಿಕದ ಅಧ್ಯಕ್ಷ ರೂಸ್ವೆಲ್ಟ್ ರೇಡಿಯೊದಲ್ಲಿ ಮನೆಯವರ ಜೊತೆ ಮಾತಾಡುವ ಹಾಗೆ ಮಾತಾಡಿದರು. ಬ್ಯಾಂಕು ತೆರೆದಾಗ ಜನ ಹಣ ವಾಪಸ್ ತಂದಿಟ್ಟರು. ಆ ಮಾತಿನಲ್ಲಿ ಆತ್ಮೀಯತೆಯಷ್ಟೇ ಇರಲಿಲ್ಲ, ಬ್ಯಾಂಕ್ ಹೇಗೆ ಕೆಲಸ ಮಾಡುತ್ತದೆ ಎಂಬ ವಿವರವೂ ಇತ್ತು. ಅನುಕರಿಸಿದವರು ಇದನ್ನು ಮರೆತರು ಅನಿಸುತ್ತದೆ.

ನನಗೆ ಕಾಣುವುದಿಷ್ಟು. ಭಾವನೆಯನ್ನು ವಾಪಸ್ ಕರೆದರು, ಅದಕ್ಕೆ ಬೇಕಾದ ಸಮಯ ಕೊಡಲಿಲ್ಲ. 2023ರ ಅಧ್ಯಯನವೊಂದರಲ್ಲಿ ರೋಗಿಗಳ 195 ಪ್ರಶ್ನೆಗಳಿಗೆ ವೈದ್ಯರೂ ಚಾಟ್‌ಜಿಪಿಟಿಯೂ ಕೊಟ್ಟ ಉತ್ತರಗಳನ್ನು ತಜ್ಞರು ಹೋಲಿಸಿದರು. ಯಂತ್ರದ್ದೇ ಹೆಚ್ಚು ಅನುಕಂಪದ ಉತ್ತರ ಎಂದಾಯಿತು. ಸುದ್ದಿಯಾಗಿದ್ದು ಅಷ್ಟೇ. ಆದರೆ ವೈದ್ಯರು ಬರೆದದ್ದು ಸರಾಸರಿ 52 ಪದ, ಯಂತ್ರ ಬರೆದದ್ದು 211.