ಪಾಠ ಮಾಡಿದ್ದು ಶಾಲೆಯಲ್ಲಿ, ಸಂಬಳಕ್ಕೆ ಅಲೆದಿದ್ದು ಕೋರ್ಟಿಗೆ

ಅನುದಾನಿತ ಶಾಲೆಯ ಮೇಷ್ಟ್ರಿಗೆ ಯಜಮಾನರು ಇಬ್ಬರು. ನೇಮಕ ಮಾಡಿಕೊಳ್ಳುವುದು ಆಡಳಿತ ಮಂಡಳಿ, ಸಂಬಳ ಕೊಡುವುದು ಸರ್ಕಾರ. ಇಬ್ಬರ ನಡುವೆ 'ಅನುಮೋದನೆ' ಅನ್ನುವ ಒಂದು ಕಾಗದ ಇದೆ. ಅದು ಬರುವವರೆಗೆ ಖಜಾನೆಯಿಂದ ಒಂದು ರೂಪಾಯಿಯೂ ಬರಲ್ಲ. ಇಲಾಖೆಗೆ ಹೋದರೆ "ನಿಮ್ಮನ್ನು ತಗೊಂಡಿದ್ದು ಮಂಡಳಿಯವರು, ಅವರನ್ನೇ ಕೇಳಿ" ಅಂತಾರೆ, ಮಂಡಳಿಯವರನ್ನು ಕೇಳಿದರೆ "ಗ್ರಾಂಟ್ ಬಂದರೆ ಕೊಡಲ್ವಾ?" ಅಂತಾರೆ. ಹೀಗೆ ವರ್ಷಗಳು ಉರುಳುತ್ತವೆ, ಪಾಠ ಮಾತ್ರ ನಿಲ್ಲುವುದಿಲ್ಲ.

ಈ ಗೊಂದಲ ಬ್ರಿಟಿಷರ ಕಾಲದ್ದು. 1854ರಲ್ಲಿ ಬಂದ ವುಡ್ ಅವರ ಶಿಕ್ಷಣ ಸುತ್ತೋಲೆಯ ಲೆಕ್ಕಾಚಾರ ಸರಳವಾಗಿತ್ತು: ಊರೂರಿಗೆ ಸರ್ಕಾರವೇ ಶಾಲೆ ತೆರೆಯುವುದು ದುಬಾರಿ, ಖಾಸಗಿಯವರು ನಡೆಸಲಿ, ನಾವು ಸಹಾಯಧನ ಕೊಡೋಣ. ದುಡ್ಡು ಹೋಗುತ್ತಿದ್ದದ್ದು ಶಾಲೆ ನಡೆಸುವವರ ಕೈಗೆ. ಅಲ್ಲಿಂದ ಮೇಷ್ಟ್ರ ಕೈಗೆ ಎಷ್ಟು ತಲುಪಿತು ಅನ್ನುವುದು ಅವರವರ ಮನಸ್ಸಿಗೆ ಬಿಟ್ಟದ್ದು. ಇದಕ್ಕೆ ಮೊದಲು ಗಟ್ಟಿಯಾಗಿ ಕೈಹಾಕಿದ್ದು ಕೇರಳ. ಅಲ್ಲಿನ ಶಿಕ್ಷಣ ಸಚಿವ ಜೋಸೆಫ್ ಮುಂಡಶ್ಶೇರಿ 1957ರಲ್ಲಿ ತಂದ ಮಸೂದೆಯಲ್ಲಿ ಖಾಸಗಿ ಅನುದಾನಿತ ಶಾಲೆಯ ಶಿಕ್ಷಕರಿಗೂ ಸರ್ಕಾರವೇ ನೇರವಾಗಿ ಸಂಬಳ ಕೊಡುವ ಏರ್ಪಾಟಿತ್ತು. ಗಲಾಟೆ ಎಷ್ಟಾಯಿತೆಂದರೆ ರಾಷ್ಟ್ರಪತಿಗಳು ಮಸೂದೆಯನ್ನು ಸುಪ್ರೀಂ ಕೋರ್ಟಿನ ಅಭಿಪ್ರಾಯಕ್ಕೆ ಕಳಿಸಿದರು. ಉತ್ತರ ಪ್ರದೇಶ 1971ರಲ್ಲಿ ಸಂಬಳಕ್ಕೆಂದೇ ಒಂದು ಕಾಯ್ದೆ ಮಾಡಿತು.

ಕರ್ನಾಟಕದಲ್ಲಿ 1975ರ ಕಾಯ್ದೆ ಖಾಸಗಿ ಶಾಲಾ ನೌಕರರಿಗೆ ಮೇಲ್ಮನವಿಯ ದಾರಿ ಕೊಟ್ಟಿತು. ಆಮೇಲೆ 1983ರ ಶಿಕ್ಷಣ ಕಾಯ್ದೆ. ಹೆಸರಿನಲ್ಲಿ 1983 ಇದ್ದರೂ ಅದು ಜಾರಿಗೆ ಬಂದಿದ್ದು 1995ರಲ್ಲಿ, ಆ ಹನ್ನೆರಡು ವರ್ಷದಲ್ಲಿ ಒಂದನೇ ಕ್ಲಾಸಿಗೆ ಸೇರಿದ ಮಗು ಪಿಯುಸಿ ಮುಗಿಸಿರುತ್ತದೆ! ಈ ಕಾಯ್ದೆಯಡಿ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿ ಇದೆ, ಜಿಲ್ಲಾ ನ್ಯಾಯಾಧೀಶರೇ ಅದನ್ನು ನಡೆಸುತ್ತಾರೆ. ಆದರೆ ಅದು ಮುಖ್ಯವಾಗಿ ಕೆಲಸದಿಂದ ತೆಗೆದವರಿಗೆ, ಹಿಂಬಡ್ತಿ ಕೊಟ್ಟವರಿಗೆ. ಕೆಲಸ ಇದೆ, ಸಂಬಳ ಇಲ್ಲ ಅನ್ನುವವರು ಎಲ್ಲಿಗೆ ಹೋಗಬೇಕು?

ಕಾರ್ಮಿಕ ನ್ಯಾಯಾಲಯಕ್ಕೆ ಹೋಗುವ ಹಾಗಿಲ್ಲ. ಗೋವಾದ ಶಿಕ್ಷಕಿಯೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1988ರಲ್ಲಿ, ಕೈಗಾರಿಕಾ ವಿವಾದ ಕಾಯ್ದೆಯ ಅರ್ಥದಲ್ಲಿ ಶಿಕ್ಷಕರು 'ಕಾರ್ಮಿಕ'ರಲ್ಲ ಎಂದಿತು. ಸರ್ಕಾರಿ ನೌಕರರಿಗಿರುವ ಆಡಳಿತ ನ್ಯಾಯಮಂಡಳಿಯೂ ಇವರಿಗಲ್ಲ, ಯಾಕಂದ್ರೆ ಇವರು ಸರ್ಕಾರಿ ನೌಕರರಲ್ಲ. ಅತ್ತ ಕಾರ್ಮಿಕರೂ ಅಲ್ಲ, ಇತ್ತ ಸರ್ಕಾರಿ ನೌಕರರೂ ಅಲ್ಲ. ಮರುವರ್ಷವೇ, 1989ರಲ್ಲಿ, ಒಂದು ಬಾಗಿಲು ತೆರೆಯಿತು. ಅಹಮದಾಬಾದಿನ ಒಂದು ಟ್ರಸ್ಟ್ ತನ್ನ ಅನುದಾನಿತ ಕಾಲೇಜನ್ನು ಮುಚ್ಚಿ ಅಧ್ಯಾಪಕರನ್ನು ಮನೆಗೆ ಕಳಿಸಿತ್ತು, ಬಾಕಿ ಸಂಬಳ ಕೇಳಿದರೆ "ನಾವು ಖಾಸಗಿಯವರು, ನಮ್ಮ ಮೇಲೆ ರಿಟ್ ಹಾಕಲಾಗದು" ಅಂದಿತು. ರಿಟ್ ಅಂದರೆ, ಕರ್ತವ್ಯ ಮಾಡುವಂತೆ ಆದೇಶಿಸಿ ಎಂದು ನೇರವಾಗಿ ಹೈಕೋರ್ಟಿಗೆ ಹಾಕುವ ಅರ್ಜಿ. ಸಾರ್ವಜನಿಕ ಕರ್ತವ್ಯ ಮಾಡುವ ಸಂಸ್ಥೆಯ ಮೇಲೂ ರಿಟ್ ಹಾಕಬಹುದು ಎಂದು ಸುಪ್ರೀಂ ಕೋರ್ಟಿನ ತೀರ್ಪು ಬರೆದವರು ನಮ್ಮ ರಾಜ್ಯದವರೇ ಆದ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿ. ಇವತ್ತು ಹೈಕೋರ್ಟಿನ ಬೆಂಗಳೂರು, ಧಾರವಾಡ, ಕಲಬುರಗಿ ಪೀಠಗಳಲ್ಲಿ ಶಿಕ್ಷಕರು ಹಾಕುವ ರಿಟ್ ಅರ್ಜಿಗಳಿಗೆ ಈ ತೀರ್ಪಿನ ಬಲವಿದೆ.

ಜಗಳಗಳು ಹೆಚ್ಚಾಗಿ ಒಂದೇ ಥರದವು. ನಿವೃತ್ತಿಯಿಂದ ಖಾಲಿಯಾದ ಹುದ್ದೆಗೆ ಮಂಡಳಿ ಯಾರನ್ನೋ ತಗೊಳ್ಳುತ್ತದೆ, ಇಲಾಖೆ ಮುಂಚಿತವಾಗಿ ಅನುಮತಿ ಪಡೆದಿಲ್ಲ ಅನ್ನುತ್ತದೆ. ಇಲ್ಲವೇ ಮಕ್ಕಳ ಸಂಖ್ಯೆ ಇಳಿದು ಇದ್ದ ಶಿಕ್ಷಕರು 'ಹೆಚ್ಚುವರಿ' ಆಗುತ್ತಾರೆ. ಎಲ್ಲಕ್ಕಿಂತ ಕಹಿಯಾದದ್ದು ಕಾಲ್ಪನಿಕ ವೇತನದ ಜಗಳ. ಶಾಲೆ ಅನುದಾನಕ್ಕೆ ಒಳಪಡುವ ಮೊದಲು ಹತ್ತು ವರ್ಷ ಪುಡಿಗಾಸಿಗೆ ದುಡಿದವರ ಆ ಸೇವೆಯನ್ನು ವೇತನ, ಪಿಂಚಣಿಗೆ ಲೆಕ್ಕ ಹಿಡಿಯಬೇಕೋ ಬೇಡವೋ? ಕೋರ್ಟಿನಲ್ಲಿ ಶಿಕ್ಷಕರು ಗೆದ್ದದ್ದುಂಟು. ಆಗ ಸರ್ಕಾರ 2014ರಲ್ಲಿ ಹೊಸ ಕಾಯ್ದೆಯನ್ನೇ ತಂದು, ಅನುದಾನ ಸಿಕ್ಕ ದಿನದಿಂದಷ್ಟೇ ಲೆಕ್ಕ ಅಂದುಬಿಟ್ಟಿತು. ಸೋತ ಮೇಲೆ ಆಟದ ನಿಯಮವನ್ನೇ ಬದಲಿಸಿದ ಹಾಗಲ್ವಾ ಇದು? ವಿಧಾನ ಪರಿಷತ್ತಿನಲ್ಲಿ ಶಿಕ್ಷಕರಿಗೆಂದೇ ಏಳು ಕ್ಷೇತ್ರಗಳಿವೆ, ಆದರೂ ಹೀಗಾಯಿತು.

ಸರ್ಕಾರದ ಕಡೆಗೂ ಒಂದು ವಾದ ಇದೆ. ಅನುದಾನ ಮೂಲಭೂತ ಹಕ್ಕಲ್ಲ, ಷರತ್ತು ಹಾಕುವ ಅಧಿಕಾರ ಸರ್ಕಾರಕ್ಕಿದೆ ಎಂದು ಸುಪ್ರೀಂ ಕೋರ್ಟ್ 2021ರಲ್ಲಿ ಉತ್ತರ ಪ್ರದೇಶದ ಪ್ರಕರಣವೊಂದರಲ್ಲಿ ಹೇಳಿದೆ. ಸರಿ. ಆದರೆ ಹೊಸದಾಗಿ ಅನುದಾನ ಕೇಳುವುದು ಬೇರೆ, ಅನುಮೋದನೆಯಾದ ಹುದ್ದೆಯಲ್ಲಿ ದುಡಿದ ಸಂಬಳ ಕೇಳುವುದು ಬೇರೆ. ಎರಡನ್ನೂ ಒಂದೇ ತಕ್ಕಡಿಯಲ್ಲಿ ಹಾಕುವುದು ನನಗಂತೂ ಒಪ್ಪಿಗೆಯಿಲ್ಲ.

ಇನ್ನೊಂದು ತೊಡಕು ಬಹಳ ಮೇಷ್ಟ್ರಿಗೆ ತಡವಾಗಿ ಗೊತ್ತಾಗುತ್ತದೆ. ಸಂಬಳ ಕಡಿಮೆ ಕೊಡುವುದು ತಿಂಗಳು ತಿಂಗಳೂ ಮುಂದುವರಿಯುವ ತಪ್ಪು, ಹಾಗಾಗಿ ತಡವಾಗಿ ಬಂದರೂ ಅರ್ಜಿ ನಿಲ್ಲುತ್ತದೆ. ಆದರೆ 2008ರ ತರ್ಸೇಮ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದಂತೆ, ಹಿಂಬಾಕಿ ಸಿಗುವುದು ಸಾಮಾನ್ಯವಾಗಿ ಅರ್ಜಿ ಹಾಕುವ ಮೊದಲಿನ ಮೂರು ವರ್ಷದ್ದು ಮಾತ್ರ. ಇಲಾಖೆಯ ಜೊತೆ ಜಗಳ ಯಾಕೆ ಅಂತ ಸುಮ್ನೆ ಹತ್ತು ವರ್ಷ ಮನವಿ ಪತ್ರ ಕೊಡುತ್ತಾ ಕೂತವರು ಉಳಿದ ಏಳು ವರ್ಷದ ದುಡ್ಡನ್ನು ಬಹುತೇಕ ಮರೆಯಬೇಕಾಗುತ್ತದೆ.